ಶೆರೀಫ ಬೀಳುವುದಿಲ್ಲ

“ಉಸಿರು ಬಿಗಿಹಿಡಿ. ಆಮೇಲೆ ಚುಚ್ಚಿತು ಅಂತ ನನ್ನ ಬೈಬೇಡ,” ಎನ್ನುತ್ತ ಹೆಟ್ಟಿ ಗಂಡನ ಕೋಟಿಗೆ ಶೆರೀಫನ ತಗಡಿನ ನಕ್ಷತ್ರದ ಬಿಲ್ಲೆ ಸಿಕ್ಕಿಸಿದಳು. ಕೌಬಾಯ್ ಚಿತ್ರಗಳನ್ನು ತೆಗೆಯುವ ಚಾಟ್ಸ್‌ವರ್ತಿನ ಬಂಡೆಗುಡ್ಡದ ಕೆಳಗೆ ಬೆಳಗಿನ ಒಂಬತ್ತಕ್ಕೇ ನೆಲ ಕಾದಿತ್ತು. ಮದುವೆಯಾದ ಹದಿನೆಂಟು ವರ್ಷದಲ್ಲಿ ಅವಳು ಶೂಟಿಂಗ್ ನೋಡಲು ಬಂದದ್ದು ಇದೇ ಮೊದಲು.

ಬರದೇ ಇದ್ದುದಕ್ಕೆ ಕಾರಣವಿತ್ತು. ಅಮೋಸ್ ಟ್ರಿಂಬಲ್‌ನ ಕಸುಬೇ ಕುದುರೆಯಿಂದ ಬೀಳುವುದು. ಕೌಬಾಯ್ ಚಿತ್ರಗಳಲ್ಲಿ ಡಕಾಯಿತರ ಮುಖಂಡನ ಹಿಂದೆ ಬರುವ ಎರಡನೆಯವನೋ ಮೂರನೆಯವನೋ ಅವನು. ಕಥೆ ಅರ್ಧವಾಗುವ ಮೊದಲೇ ನಾಯಕನ ಗುಂಡಿಗೆ ಸಾಯಬೇಕು. ಮಾತಿಲ್ಲದ ಚಿತ್ರಗಳ ಕಾಲದಲ್ಲಿ ನಿರ್ದೇಶಕ ಕ್ಯಾಮೆರಾದ ಪಕ್ಕ ನಿಂತು ಪಿಸ್ತೂಲು ಹಾರಿಸುತ್ತಿದ್ದ. ಬೀಳುವವರಿಗೆ ಅದೇ ಸನ್ನೆ. ಸದ್ದು ಕೇಳಿಯೂ ಯೋಚಿಸುತ್ತ ಕೂತವನಿಗೆ ಮರುದಿನ ಕೆಲಸವಿರುತ್ತಿರಲಿಲ್ಲ. ಅಮೋಸ್ ಯಾವತ್ತೂ ಯೋಚಿಸಿದವನಲ್ಲ. ಅದಕ್ಕೇ ಅವನಿಗೆ ನೂರಾ ಮೂವತ್ತು ಸಾವು ಸಿಕ್ಕವು. ಜೊತೆಗೊಂದು ಮುರುಕು ಸೊಂಟವೂ ಸಿಕ್ಕಿತು ಅನ್ನಿ.

“ಹೀಗೇ ಬೀಳ್ತಾ ಇದ್ರೆ ವರ್ಷದೊಳಗೆ ಹಾಸಿಗೆ ಹಿಡೀತೀಯ,” ಎಂದು ಡಾಕ್ಟರು ಕಳೆದ ಚಳಿಗಾಲದಲ್ಲಿ ಮುಖಕ್ಕೆ ಹೊಡೆದಂತೆ ಹೇಳಿದ್ದರು. ಅಷ್ಟರಲ್ಲಿ ಚಿತ್ರಗಳಿಗೆ ಮಾತು ಬಂತು. ಅಮೋಸ್‌ನ ಗಡಸು ದನಿ ನಿರ್ದೇಶಕ ಕಾರ್ವರ್‌ನ ಕಿವಿಗೆ ಹಿಡಿಸಿತು. ಅವನು ಶೆರೀಫನ, ಅಂದರೆ ಊರು ಕಾಯುವ ಅಧಿಕಾರಿಯ, ಪಾತ್ರ ಕೊಟ್ಟ. ಈ ಶೆರೀಫ ಸಾಯುವವನಲ್ಲ. ಕೊನೆಯವರೆಗೂ ಇದ್ದು ಮೂರು ಕಡೆ ಮಾತಾಡುತ್ತಾನೆ. ಇದೊಂದು ಸರಿಹೋದರೆ ಮುಂದೆಯೂ ಇಂಥ ವಯಸ್ಸಾದವರ ಪಾತ್ರಗಳೇ ಸಿಕ್ಕಾವು, ಬೀಳುವ ಕರ್ಮ ತಪ್ಪೀತು ಎಂದು ಗಂಡ ಹೆಂಡತಿ ಇಬ್ಬರಿಗೂ ಆಸೆ.

“ಆಣೆ ಮಾಡಿ ಹೇಳು, ಬೀಳೋದಿಲ್ಲ ತಾನೆ?” ಎಂದು ಹೆಟ್ಟಿ ಹೊರಡುವ ಮುಂಚೆ ಕೇಳಿದ್ದಳು.

“ನಾನು ಶೆರೀಫ ಕಣೇ. ಬೀಳಿಸೋನು!”

ಡಕಾಯಿತನ ವೇಷದಲ್ಲಿದ್ದ ಹಳೆಯ ಜೊತೆಗಾರ ಲಾಸನ್ ದೂರದಿಂದಲೇ ಕೂಗಿದ: “ಶೆರೀಫ್ ಸಾಹೇಬ್ರು ಮನೆಯವ್ರನ್ನ ಕರ್ಕೊಂಡು ಬಂದಿದಾರೆ. ಎಲ್ರೂ ಸ್ವಲ್ಪ ಮರ್ಯಾದೆಯಿಂದ ಸಾಯ್ರಪ್ಪಾ!”

“ನೀನು ಸಾಯೋದನ್ನ ನೋಡೋಕೇ ಬಂದಿರೋದು,” ಎಂದ ಅಮೋಸ್. ಹೆಟ್ಟಿಯೂ ನಕ್ಕಳು.

ಕಾರ್ವರ್ ಬಂದು ವಿವರಿಸಿದ. “ನೋಡು ಅಮೋಸ್, ನೀನು ಓಡಿಸ್ಕೊಂಡು ಬಂದು ಕುದುರೆ ನಿಲ್ಲಿಸ್ತೀಯ. ನಿನ್ನ ಹೆದರಿಸೋಕೆ ಲಾಸನ್ ಗಾಳೀಲಿ ಒಂದು ಗುಂಡು ಹಾರಿಸ್ತಾನೆ. ನೀನು ಮಿಸುಕಬಾರ್ದು. ಆಮೇಲೆ ನಿನ್ನ ಮಾತು.”

“ಗೊತ್ತು ಸಾರ್.”

ಮಾತು ಇಷ್ಟೇ: ‘ಬಂದೂಕು ಕೆಳಗಿಡಿ. ಈ ಊರಲ್ಲಿ ಇನ್ನು ಯಾರೂ ಸಾಯೋದಿಲ್ಲ.’ ನಾಲ್ಕು ದಿನ ಅಡುಗೆಮನೆಯಲ್ಲಿ ಹೆಂಡತಿಯ ಮುಂದೆ ಒಪ್ಪಿಸಿ ಒಪ್ಪಿಸಿ ಅವನಿಗೆ ಅದು ನಾಲಗೆಯ ತುದಿಯಲ್ಲಿತ್ತು. ಆದರೆ ಅಡುಗೆಮನೆಯಲ್ಲಿ ಯಾರೂ ಗುಂಡು ಹಾರಿಸಿರಲಿಲ್ಲ.

ಅಮೋಸ್ ಬಂದ, ಕುದುರೆ ನಿಲ್ಲಿಸಿದ, ಎದೆ ಸೆಟೆಸಿ ಕೂತ. ಲಾಸನ್ ಆಕಾಶಕ್ಕೆ ಗುಂಡು ಹಾರಿಸಿದ. ಶೆರೀಫನ ಎರಡೂ ಕೈ ಮೇಲೆ ಹೋದವು, ಬೆನ್ನು ಹಿಂದಕ್ಕೆ ಬಾಗಿತು, ಭುಜ ಮೊದಲಾಗಿ ನೆಲಕ್ಕೆ ಬಂದು ಎರಡು ಉರುಳು ಉರುಳಿದ. ಹೆಟ್ಟಿ ಕಿಟಾರನೆ ಕಿರುಚಿದ್ದು ಧ್ವನಿ ಹಿಡಿಯುವ ಯಂತ್ರದಲ್ಲಿ ದಾಖಲಾಯಿತು.

ಅವಳು ಓಡಿ ಬರುವಷ್ಟರಲ್ಲಿ ಅಮೋಸ್ ಎದ್ದು ಕೂತಿದ್ದ. ಬಾಯಿ ತುಂಬ ಮಣ್ಣು.

“ಏನು ಗ್ರಹಚಾರ ನಿನ್ನದು! ಸುಮ್ನೆ ಕೂತ್ಕೊಳ್ಳೋಕೂ ಬರಲ್ವಾ ನಿಂಗೆ?”

“ನಾನೇನೂ ಮಾಡ್ಲಿಲ್ಲ ಕಣೇ. ಸದ್ದು ಕೇಳ್ತು. ಮೈ ತಾನೇ ಬಿದ್ದುಬಿಡ್ತು.” ಐವತ್ತೆರಡು ವರ್ಷದ ಗಂಡಸಿಗೆ ನಾಚಿಕೆಯಿಂದ ಕಣ್ಣು ತುಂಬಿತು. ಲಾಸನ್ ಬೇರೆ ಕಡೆ ನೋಡಿದ.

ಕಾರ್ವರ್ ಮಾತ್ರ ಕುಣಿಯುತ್ತಲೇ ಬಂದ. “ಅಬ್ಬಬ್ಬಾ! ಹತ್ತು ವರ್ಷದಲ್ಲಿ ಇಂಥದ್ದು ನೋಡಿಲ್ಲ.”

“ಇನ್ನೊಂದ್ಸಲ ತೆಗೀರಿ ಸಾರ್. ಮಾತು ಬಾಯಲ್ಲೇ ಇದೆ. ಈ ಸಲ ಬೀಳಲ್ಲ.”

“ಯಾಕೆ ಮಾರಾಯ? ಶೆರೀಫ ಸತ್ರೇನೇ ಕಥೆಗೆ ಕಳೆ. ನಾಯಕನಿಗೆ ಸೇಡು ತೀರಿಸ್ಕೊಳ್ಳೋಕೆ ಒಂದು ಕಾರಣ ಬೇಕಿತ್ತು, ನೀನೇ ಕೊಟ್ಟೆ. ನಿನ್ನ ಮಾತನ್ನ ಅವನ ಹತ್ರ ಹೇಳಿಸಿದ್ರಾಯ್ತು.” ಐದು ದಿನದಲ್ಲಿ ಮುಗಿಸುವ ಚಿತ್ರಗಳಲ್ಲಿ ಕಥೆ ಹೀಗೆ ನಿಂತಲ್ಲೇ ಬದಲಾಗುತ್ತದೆ, ಯಾರನ್ನೂ ಕೇಳುವುದಿಲ್ಲ. “ಹತ್ತಿರದಿಂದ ಒಂದ್ಸಲ ಬೇಕು. ಬೀಳ್ತೀಯ ತಾನೆ? ಆಗಲ್ಲ ಅಂದ್ರೆ ಹೇಳು, ನಿನ್ನ ಕೋಟು ಲಾಸನ್‌ಗೆ ಹಾಕಿಸಿ ಅವನನ್ನೇ ಬೀಳಿಸ್ತೀನಿ.”

ಅಮೋಸ್ ಹೆಂಡತಿಯ ಮುಖ ನೋಡಲಿಲ್ಲ. “ಬೀಳ್ತೀನಿ,” ಎಂದ.

ಕ್ಯಾಮೆರಾ ಹತ್ತಿರಕ್ಕೆ ತಂದರು. ಬೀಳುವವರು ತಾವು ಬೀಳುವ ಜಾಗವನ್ನು ತಾವೇ ಹಸನು ಮಾಡಿಕೊಳ್ಳುವುದು ಇಲ್ಲಿಯ ವಾಡಿಕೆ, ಇನ್ನೊಬ್ಬರನ್ನು ನಂಬುವುದಿಲ್ಲ. ಅಮೋಸ್ ಬಗ್ಗಲು ನೋಡಿದ. ಸೊಂಟ ಹಿಡಿದುಕೊಂಡಿತು. ಕುದುರೆಯ ಜೀನು ಹಿಡಿದು ಹಾಗೇ ನಿಂತ.

ಹೆಟ್ಟಿ ಟೋಪಿ ತೆಗೆದು ಬಂಡೆಯ ಮೇಲಿಟ್ಟಳು. ಭಾನುವಾರದ ಚರ್ಚಿಗೆಂದು ಇಟ್ಟಿದ್ದ ನೀಲಿ ಲಂಗ ಉಟ್ಟಿದ್ದಳು. ಅದರಲ್ಲೇ ಧೂಳಿನಲ್ಲಿ ಮೊಣಕಾಲೂರಿ ಕಲ್ಲು ಆರಿಸತೊಡಗಿದಳು. ಸಣ್ಣವನ್ನೂ ಬಿಡದೆ ಹೆಕ್ಕಿ ಮಡಿಲಿಗೆ ಹಾಕಿಕೊಂಡಳು.

“ಎಲ್ಲಿ ಬೀಳ್ತೀಯ? ಇಲ್ಲೇನಾ?” ಎಂದಳು, ತಲೆ ಎತ್ತದೆ.

“ಇನ್ನೊಂದು ಸ್ವಲ್ಪ ಎಡಕ್ಕೆ.”

ಹೆಟ್ಟಿ ಮೊಣಕಾಲಲ್ಲೇ ಎಡಕ್ಕೆ ಸರಿದಳು.