ಖಾಲಿ ಚೀಲದ ತೂಕ

"ಫ್ಯಾನ್ ಆರಿಸ್ಬೇಕು ಸ್ವಾಮಿ. ಗಾಳಿಗೆ ತಕ್ಕಡಿ ನಿಲ್ಲಲ್ಲ."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ನ್ಯಾಯಾಧೀಶರು ನಗಲಿಲ್ಲ, ಜವಾನನ ಕಡೆ ನೋಡಿದರು. ಫ್ಯಾನು ಗೊಣಗುತ್ತ ನಿಂತಿತು. ಮೂವತ್ತು ವರ್ಷ ಈರುಳ್ಳಿ ಮಂಡಿಯಲ್ಲಿ ತೂಕ ಕೂಗಿ ಕೂಗಿ ಗಂಟಲು ಪಳಗಿಸಿಕೊಂಡಿದ್ದ, ಅಲ್ಲಿಯವರೆಲ್ಲ ತಕ್ಕಡಿ ಮಾವ ಎಂದೇ ಕರೆಯುತ್ತಿದ್ದ ಅವನು ತಕ್ಕಡಿಯ ಪಕ್ಕಕ್ಕೆ ಬಂದು ನಿಂತ. ಅವನು ತೂಗಿದ್ದಕ್ಕೆ ಮಂಡಿಯಲ್ಲಿ ಯಾರೂ ಎದುರು ಮಾತಾಡುತ್ತಿರಲಿಲ್ಲ. ಇವತ್ತು ತನ್ನ ತೂಕಕ್ಕೆ ತಾನೇ ಎದುರು ಮಾತಾಡಲು ಬಂದಿದ್ದ.

ಹದಿನಾಲ್ಕು ತಿಂಗಳ ಹಿಂದೆ ಮಂಡಿಯ ಪಕ್ಕದ ರಸ್ತೆಯಲ್ಲಿ ಪೊಲೀಸರು ಒಂದು ವ್ಯಾನು ಹಿಡಿದಿದ್ದರು. ಒಳಗೆ ಗಾಂಜಾ ತುಂಬಿದ ಗೋಣಿಚೀಲ. ತೂಗಲು ಮಾವನನ್ನು ತಕ್ಕಡಿ ಸಮೇತ ಎಳೆದುಕೊಂಡು ಹೋದರು. ಚೀಲ ಇಟ್ಟ, ಎಂದಿನಂತೆ ಕೂಗಿದ: "ಇಪ್ಪತ್ತು ಆರ್ನೂರು!" ಮಂಡಿಯಲ್ಲಿ ಕೂಗುವುದು ಚೀಲ ಸೇರಿಸಿಯೇ. ಚೀಲದ ತೂಕ ಕಳೆಯುವುದು ಆಮೇಲೆ, ಚೀಟಿ ಬರೆಯುವವನ ಕೆಲಸ. ಅಲ್ಲಿ ಬರೆಯುತ್ತಿದ್ದವನು ಇನ್‌ಸ್ಪೆಕ್ಟರು, ಅವನಿಗೇನು ಗೊತ್ತು? ಗಾಂಜಾ ಇಪ್ಪತ್ತು ಕಿಲೋ ಆರುನೂರು ಗ್ರಾಂ ಎಂದೇ ಬರೆದ. ಮಾವ ಸಹಿ ಹಾಕಿದ. ಇಪ್ಪತ್ತು ಕಿಲೋ ದಾಟಿದರೆ ಜಾಮೀನು ಕೈಗೆಟುಕುವುದಿಲ್ಲ ಎಂಬುದು ಅವನಿಗೆ ತಿಳಿದದ್ದು ಬಹಳ ತಡವಾಗಿ, ಅದೂ ಆ ವ್ಯಾನ್ ಡ್ರೈವರನ ಹೆಂಡತಿಯ ಬಾಯಿಂದ. ಗಂಡ ಜೈಲು ಸೇರಿದ ಮೇಲೆ ಅವಳು ಮಂಡಿಗೇ ಈರುಳ್ಳಿ ಆರಿಸಲು ಬರುತ್ತಿದ್ದಳು.

ಕೋರ್ಟಿಗೆ ಹೋಗಿ ಚೀಲದ ಲೆಕ್ಕ ಹೇಳುತ್ತೇನೆ ಎಂದ ಮಾವ ಮನೆಯಲ್ಲಿ.

"ಚೀಲ ಕಳೆದ್ರೂ ಹತ್ತೊಂಬತ್ತು ಕಿಲೋ ಚಿಲ್ಲರೆ ಇತ್ತಲ್ಲ. ಅದೇನು ಕೊತ್ತಂಬರಿ ಸೊಪ್ಪಾ?" ಎಂದಳು ಅವನ ಹೆಂಡತಿ. "ಎಷ್ಟು ಮಕ್ಕಳ ಮನೆ ಹಾಳಾಗ್ತಿತ್ತೋ! ಪೊಲೀಸರನ್ನ ಯಾಕೆ ಎದುರು ಹಾಕ್ಕೊತೀರಿ?"

"ಅವನ ತಪ್ಪಿಗೆ ಅವನು ಅನುಭವಿಸ್ಲಿ ಕಣೇ. ನನ್ನ ತಪ್ಪಿಗೆ ಅವನ್ಯಾಕೆ ಒಳಗಿರ್ಬೇಕು?"

ಹಿಡಿದ ಗಾಂಜಾವನ್ನು ಕಾನೂನಿನಂತೆ ಆಗಲೇ ಸುಟ್ಟಾಗಿತ್ತು. ಸಾಕ್ಷಿಗೆಂದು ಉಳಿದದ್ದು ಚೀಲವೊಂದೇ. ಮಾವ ಡ್ರೈವರನ ಲಾಯರ ಬಳಿ ಹೋಗಿ ಇದ್ದದ್ದನ್ನು ಹೇಳಿದ. ಹಾಗೆ ಆ ಚೀಲ ಈಗ ಮೊಹರು ಒಡೆಸಿಕೊಂಡು ನ್ಯಾಯಾಲಯದ ನೆಲದ ಮೇಲೆ, ಅದೇ ತಕ್ಕಡಿಯ ಪಕ್ಕದಲ್ಲಿ ಬಿದ್ದಿತ್ತು. ಅದು ಆರುನೂರು ಗ್ರಾಂ ತೂಗಿದರೆ ಸಾಕು, ಗಾಂಜಾ ಇಪ್ಪತ್ತು ಕಿಲೋ ದಾಟುವುದಿಲ್ಲ, ಡ್ರೈವರು ಜಾಮೀನಿನ ಮೇಲೆ ಮನೆಗೆ ಹೋಗಬಹುದು.

ಮಾವ ಚೀಲವನ್ನು ಎತ್ತಿ ತಕ್ಕಡಿಯ ಹಲಗೆಯ ಮೇಲಿಟ್ಟ.

"ಆರ್ನೂರ ಹದಿನೈದು!"

ಲಾಯರು ನ್ಯಾಯಾಧೀಶರತ್ತ ತಿರುಗಿದರು. ಬಾಗಿಲ ಬಳಿ ನಿಂತಿದ್ದ ಡ್ರೈವರನ ಹೆಂಡತಿ ಎರಡೂ ಕೈಯಲ್ಲಿ ಬಾಯಿ ಮುಚ್ಚಿಕೊಂಡಳು.

"ಒಂದು ನಿಮಿಷ," ಸರ್ಕಾರಿ ವಕೀಲರು ಬಗ್ಗಿ ನೋಡಿದರು. "ಚೀಲದ ಮೂಲೆ ನೆಲಕ್ಕೆ ತಾಗ್ತಿದೆ. ಸರಿಯಾಗಿ ಇಡಿಸಿ ಸ್ವಾಮಿ."

"ತಾಗಿದ್ರೆ ತೂಕ ಕಮ್ಮಿ ತೋರ್ಸುತ್ತೆ. ಸರಿಯಾಗಿ ಇಟ್ರೆ ಚೀಲ ಇನ್ನೂ ಜಾಸ್ತಿ ತೂಗುತ್ತೆ, ನಮಗೇ ಒಳ್ಳೇದು," ಎಂದು ಲಾಯರು ನಕ್ಕರು. "ಇಡಪ್ಪ, ಇನ್ನೊಂದ್ಸಲ ಇಡು."

ಮಾವ ಚೀಲ ಎತ್ತಿದ. ಎತ್ತಿದವನು ಅದರ ಎರಡು ಮೂಲೆ ಹಿಡಿದು, ಬಾಯಿ ಕೆಳಗೆ ಮಾಡಿ, ಪಟ್ ಪಟ್ ಎಂದು ಕೊಡವಿದ. ಯೋಚಿಸಿ ಮಾಡಿದ್ದಲ್ಲ. ಕೊಡವದ ಚೀಲವನ್ನು ತೂಗಿದರೆ ಒಳಗುಳಿದ ಮಾಲು ಚೀಲದ ಲೆಕ್ಕಕ್ಕೆ ಸೇರಿ ಮಾಲು ತಂದ ರೈತನಿಗೆ ಮೋಸವಾಗುತ್ತದೆ. ಮೂವತ್ತು ವರ್ಷದಲ್ಲಿ ಅವನ ಕೈ ಅಂಥ ಮೋಸ ಮಾಡಿರಲಿಲ್ಲ. ಹೊಲಿಗೆಯ ಸಂದಿಯಿಂದ ಒಣ ಕಡ್ಡಿ, ಎಲೆಯ ಪುಡಿ ನೆಲಕ್ಕೆ ಉದುರಿದವು. ಘಾಟು ಎದ್ದಿತು. ಚೀಲ ತಕ್ಕಡಿಗೆ ಮರಳಿದ ಮೇಲಷ್ಟೇ ಅವನಿಗೆ ತಾನೇನು ಮಾಡಿದೆನೆಂದು ಹೊಳೆಯಿತು.

"ಎಷ್ಟು?" ನ್ಯಾಯಾಧೀಶರು ಕೇಳಿದರು.

ಜೀವಮಾನದಲ್ಲಿ ಮೊದಲ ಸಲ ಮಾವ ತೂಕವನ್ನು ಮೆಲ್ಲಗೆ ಹೇಳಿದ. "ಐನೂರ ತೊಂಬತ್ತು."

"ಅಂದ್ರೆ ಗಾಂಜಾ ಇಪ್ಪತ್ತು ಕಿಲೋ ಹತ್ತು ಗ್ರಾಂ!" ಸರ್ಕಾರಿ ವಕೀಲರು ಎದ್ದೇಬಿಟ್ಟರು. ಮೊದಲ ತೂಕವನ್ನೇ ಹಿಡಿಯಬೇಕೆಂದು ಲಾಯರು ಕೂಗಿದರು. ನ್ಯಾಯಾಧೀಶರು ಇಬ್ಬರನ್ನೂ ಕೂರಿಸಿ, ಕನ್ನಡಕ ತೆಗೆದು ಮಾವನನ್ನು ನೋಡಿದರು.

"ನೀವು ತೂಕದವರು. ನೀವೇ ಹೇಳಿ. ಚೀಲದ ತೂಕ ಅಂದ್ರೆ ಯಾವುದು? ಕೊಡವೋಕೆ ಮುಂಚಿಂದೋ, ಆಮೇಲಿಂದೋ?"

ಮಾವ ಬಾಗಿಲ ಕಡೆ ನೋಡಬಾರದೆಂದುಕೊಂಡ, ನೋಡಿದ. ಅವಳು ಬಾಯಿಂದ ಕೈ ತೆಗೆದಿರಲಿಲ್ಲ. 'ಮುಂಚಿಂದು' ಎಂದರೆ ಮುಗಿಯಿತು, ಯಾರು ಏನು ಕೇಳುತ್ತಾರೆ? ನಾಲಿಗೆಯ ತುದಿಗೆ ಬಂದೂ ಬಂತು.

"ಆಮೇಲಿಂದು ಸ್ವಾಮಿ," ಎಂದ.

ನ್ಯಾಯಾಧೀಶರು ಕನ್ನಡಕ ಹಾಕಿಕೊಂಡರು. ಆಮೇಲೆ ಬರೆದರು. ಜಾಮೀನು ಅರ್ಜಿ ವಜಾ. ಜವಾನ ಫ್ಯಾನು ಹಾಕಿದ. ನೆಲದ ಪುಡಿ ಬೆಂಚುಗಳ ಕೆಳಗೆ ಹರಡಿಕೊಂಡಿತು.

ಹೊರಗೆ ಜಗಲಿಯಲ್ಲಿ ಡ್ರೈವರನ ಹೆಂಡತಿ ಕಾಯುತ್ತಿದ್ದಳು. ಬೈಯಲಿ, ಉಗಿಯಲಿ ಎಂದು ಮಾವ ತಕ್ಕಡಿ ಕೆಳಗಿಟ್ಟು ನಿಂತ.

"ಕೊಡವ್ದೇ ಇದ್ದಿದ್ರೆ ಬಿಡ್ತಿದ್ರಾ ಮಾವ?"

"ಬಿಡ್ತಿದ್ರಮ್ಮ."

ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು. ಬಗ್ಗಿ ತಕ್ಕಡಿಯ ಒಂದು ಬದಿ ಹಿಡಿದಳು. ಮಾವ ಇನ್ನೊಂದು ಬದಿ ಹಿಡಿದ. ಮೆಟ್ಟಿಲು ಇಳಿಯುವಾಗ ಅವಳು ಮಾವನ ಕಡೆ ಮುಖ ಮಾಡಿ ಕೆಳಗಿನ ಬದಿಯಲ್ಲಿದ್ದಳು. ಭಾರವೆಲ್ಲ ಕೆಳಗಿನವರ ಕಡೆಗೇ ಹೋಗುತ್ತದೆ. ಬದಲಾಯಿಸಿಕೊಳ್ಳೋಣ ಬಾ ಎಂದ ಮಾವ. ಅವಳು ಹಿಡಿತ ಬಿಡದೆ, ಹಿಂದಕ್ಕೆ ಕಾಲಿಟ್ಟು ಕೆಳಗಿನ ಮೆಟ್ಟಿಲು ಹುಡುಕಿದಳು.