ಬಾಗಿಲ ಮುಂದಿನ ಗಾಡಿ

ಶಹಾಬಾದಿನಲ್ಲಿ ಹಳೆಯ ಖಣಿಗಳ ಕಡೆ ಹೋಗುವ ಓಣಿಯ ಕೊನೆಯ ಮನೆ ಜೈತುನ್‌ಬೀಯದು. ಅದರಾಚೆ ಮನೆಗಳಿಲ್ಲ. ಕಲ್ಲು ತೆಗೆದು ಬಿಟ್ಟ ಹೊಂಡಗಳು, ಅವುಗಳಲ್ಲಿ ನಿಂತ ಹಸಿರು ನೀರು, ಒಡೆದ ಪರಸಿ ಕಲ್ಲಿನ ಚೂರುಗಳ ದಿಬ್ಬ, ಅಷ್ಟೇ. ಆ ಮನೆಯ ಬಾಗಿಲ ಮುಂದೆ ಒಂದು ಕಪ್ಪು ಮೋಟಾರ್ ಸೈಕಲ್ ಯಾವಾಗಲೂ ನಿಂತಿರುತ್ತಿತ್ತು.

ಅದು ಅವಳ ಗಂಡ ಮುಕ್ರಮನದು. ಕಲ್ಲು ಪಾಲಿಶ್ ಮಾಡುವ ಮಷೀನುಗಳ ರಿಪೇರಿ ಅವನ ಕೆಲಸ. ವಾಡಿ, ಚಿತ್ತಾಪುರ, ಸೇಡಂ ಎಲ್ಲ ಕಡೆ ಅದೇ ಗಾಡಿಯ ಮೇಲೆ ಓಡಾಡುತ್ತಿದ್ದ. ಸೇಡಂನ ಒಂದು ಶೆಡ್ಡಿನಲ್ಲಿ ಮಷೀನು ಬಿಚ್ಚುತ್ತಾ ಕುಳಿತವನು ಎದೆ ಹಿಡಿದುಕೊಂಡು ಮಗ್ಗುಲಾದ, ಮತ್ತೆ ಏಳಲಿಲ್ಲ. ಅವನನ್ನು ಮೊದಲು ತಂದರು, ಗಾಡಿಯನ್ನು ಆಮೇಲೆ ಯಾರೋ ತಂದು ಬಾಗಿಲ ಮುಂದೆ ನಿಲ್ಲಿಸಿ ಹೋದರು. ಅವರಿಗೆ ಮಕ್ಕಳಿರಲಿಲ್ಲ. ಚಿತ್ತಾಪುರದಿಂದ ಬಂದ ಅಣ್ಣ ಮಶಾಕ, "ಗಾಡಿ ಮಾರಿಬಿಡು, ಮನಿಗಿ ಕೀಲಿ ಹಾಕು, ನಮ್ಮ ಮನ್ಯಾಗ ಬಂದಿರು" ಅಂದ. ಜೈತುನ್‌ಬೀ ಆ ಮೂರರಲ್ಲಿ ಒಂದನ್ನೂ ಮಾಡಲಿಲ್ಲ.

ಗಂಡ ತೀರಿದ ಮೇಲಿನ ತಿಂಗಳುಗಳಲ್ಲಿ ಹೊರಗೆ ಹೋಗದೆ ಇದ್ದತ್‌ಗೆ ಕೂತಿದ್ದಾಗ ಒಂದು ಸಂಜೆ ಯಾರೋ ಇಬ್ಬರು ಕುಡಿದವರು ಬಾಗಿಲು ಬಡಿದಿದ್ದರು. ಅವಳು ಉಸಿರು ಬಿಗಿಹಿಡಿದು ಗೋಡೆಗೆ ಆತು ನಿಂತಿದ್ದಳು. ಹೊರಗೆ ಒಬ್ಬ, "ಏ, ಗಾಡಿ ನಿಂತದ. ಗಂಡಸ ಒಳಗ ಅದಾನ, ನಡಿ" ಅಂದ. ಚಪ್ಪಲಿ ಸಪ್ಪಳ ದೂರವಾಯಿತು. ಆ ಗಾಡಿ ಇನ್ನೂ ಏನಕ್ಕೆ ಬೇಕು ಎಂಬುದು ಅವಳಿಗೆ ಅವತ್ತು ತಿಳಿಯಿತು.

ಅವಳಿಗೆ ಗಾಡಿ ಓಡಿಸಲು ಬರುತ್ತಿರಲಿಲ್ಲ. ಚಾಲೂ ಮಾಡುವುದನ್ನು ಮಾತ್ರ ಕಲಿತಳು. ಬೆಳಿಗ್ಗೆ ಧೂಳು ಒರೆಸಿ, ಗೇರು ನ್ಯೂಟ್ರಲ್‌ಗೆ ತಂದು, ಸೀರೆ ಎತ್ತಿ ಸಿಕ್ಕಿಸಿಕೊಂಡು ಕಿಕ್ ಹೊಡೆಯುವಳು. ಎಂಜಿನು ಗುರುಗುಟ್ಟುತ್ತಾ ಇರುವಾಗ ಒಳಗೆ ಹೋಗಿ ಚಹಾಕ್ಕೆ ನೀರಿಡುವಳು. ಹೊರಗೆ ಗಾಡಿಯ ಸಪ್ಪಳ, ಒಳಗೆ ಚಹಾ ಕುದಿಯುವ ವಾಸನೆ. ಯಾರೋ ಕೆಲಸಕ್ಕೆ ಹೊರಟಿದ್ದಾರೆ, ಚಹಾ ಕುಡಿದು ಹೋಗುತ್ತಾರೆ ಎಂಬಂತೆ ಅಷ್ಟು ಹೊತ್ತು ಮನೆ ತುಂಬಿರುತ್ತಿತ್ತು. ಆಮೇಲೆ ಗಾಡಿ ಬಂದ್ ಮಾಡಿ, ಹೊಲಿಗೆ ಮಷೀನಿನ ಮುಂದೆ ಕೂರುವಳು.

ವರ್ಷಕ್ಕೊಮ್ಮೆ ವಾಡಿಯಿಂದ ಇನ್ಶೂರೆನ್ಸ್ ಏಜೆಂಟ ರೇವಣಸಿದ್ದಯ್ಯ ಫೋನು ಮಾಡುತ್ತಿದ್ದರು. ಅವರನ್ನು ಅವಳು ನೋಡಿರಲಿಲ್ಲ.

"ಮುಕ್ರಮ ಅವ್ರಿಲ್ಲೇನ್ರಿ?"

"ಹೊರಗ ಹೋಗ್ಯಾರ್ರಿ."

"ಗಾಡಿ ಇನ್ಶೂರೆನ್ಸ್ ಮುಗೀಲಿಕತ್ತದ. ಹೋದ ಸಲದಂಗ ಫುಲ್ ಮಾಡ್ಲೇನ್ರಿ?"

"ಮಾಡ್ರಿ."

ಮೊದಲ ವರ್ಷ 'ಹೊರಗ ಹೋಗ್ಯಾರ' ಎಂಬ ಮಾತು ತಾನಾಗಿ ಬಾಯಿಗೆ ಬಂದಿತ್ತು. ಆಮೇಲಿನ ವರ್ಷಗಳಲ್ಲಿ ಆ ಫೋನಿಗೆ ಅವಳು ಕಾಯತೊಡಗಿದಳು. ಮುಕ್ರಮ ಹೊರಗೆ ಹೋಗಿದ್ದಾನೆ ಎಂದು ನಂಬುವ ಮನುಷ್ಯ ಆ ಸೀಮೆಯಲ್ಲಿ ಅವರೊಬ್ಬರೇ ಇದ್ದರು.

ಚಳಿ ಬಿಡುವ ಹೊತ್ತಿಗೆ ಒಂದು ಬೆಳಿಗ್ಗೆ ಬಾಗಿಲು ತೆಗೆದರೆ ಗಾಡಿ ಇರಲಿಲ್ಲ. ಅದು ನಿಲ್ಲುತ್ತಿದ್ದ ಕಲ್ಲಿನ ಮೇಲೆ ಎಣ್ಣೆಯ ಕಲೆ ಇತ್ತು. ಅವಳು ಅದನ್ನು ನೋಡಿ, ಏನೂ ಅನ್ನಿಸದವಳಂತೆ ಒಳಗೆ ಹೋಗಿ ಚಹಾಕ್ಕೆ ನೀರಿಟ್ಟಳು. ನೀರು ಕುದಿಯಿತು. ಮನೆ ಎಷ್ಟು ಸುಮ್ಮನಿದೆ ಎಂದು ಆಗ ಗೊತ್ತಾಯಿತು. ಅಲ್ಲೇ ಒಲೆಯ ಪಕ್ಕ ಕುಳಿತಳು.

ಪಕ್ಕದ ಮನೆಯ ನಜಮುನ್ನೀಸಾ ಬಂದು ಎಬ್ಬಿಸಿದಳು. "ಅಳಬ್ಯಾಡ ಆಪಾ. ಇನ್ಶೂರೆನ್ಸ್ ಅದಲ್ಲ? ಮೊದಲ ಠಾಣೆಗಿ ಹೋಗಮು ನಡಿ. ತಡಾ ಮಾಡಿದ್ರ ಕಂಪನಿಯವ್ರು ತಕರಾರು ಮಾಡ್ತಾರಂತ."

ಠಾಣೆಯಲ್ಲಿ ದೂರು ಬರೆದುಕೊಳ್ಳುವ ಪೊಲೀಸನು ಗಾಡಿಯ ನಂಬರು, ಬಣ್ಣ ಕೇಳಿ, "ಮಾಲೀಕರು ಯಾರು?" ಅಂದ.

"ನಮ್ಮ ಮನಿಯವ್ರು."

"ಅವ್ರೇ ಬರಬೇಕಿತ್ತಲ್ಲಮ್ಮಾ. ಎಲ್ಲಿ ಅದಾರ?"

ಜೈತುನ್‌ಬೀಯ ಬಾಯಲ್ಲಿ ಹಳೆಯ ಉತ್ತರವೇ ಬಂದು ನಿಂತಿತು. ನಜಮುನ್ನೀಸಾ ಮುಂದೆ ಬಾಗಿ, "ತೀರ್ಕೊಂಡಾರ್ರಿ" ಅಂದಳು. ಪೊಲೀಸನು ತಲೆಯಾಡಿಸಿ ಬರೆದುಕೊಂಡ.

ಮಧ್ಯಾಹ್ನ ಅವಳೇ ರೇವಣಸಿದ್ದಯ್ಯನವರಿಗೆ ಫೋನು ಹಚ್ಚಿದಳು. ಗಾಡಿ ಹೋಗಿದೆ ಎಂದು ಕೇಳಿದ ಕೂಡಲೇ ಅವರು ಧೈರ್ಯ ಹೇಳಿದರು. "ಹೆದರಬ್ಯಾಡ್ರಿ. ಥರ್ಡ್ ಪಾರ್ಟಿ ಅಷ್ಟೇ ಇದ್ದಿದ್ರ ಕಳುವಿಗಿ ಏನೂ ಬರ್ತಿದ್ದಿಲ್ಲ. ನಿಮ್ದು ಫುಲ್ ಅದ. ಈಗೇ ಕಂಪನಿಗಿ ತಿಳಸ್ತೀನಿ. ಎಫ್‌ಐಆರ್ ಕಾಪಿ, ಆರ್‌ಸಿ, ಎರಡೂ ಕೀಲಿ ಬೇಕು. ಒಂದು ಕೀಲಿ ಇಲ್ಲಂದ್ರ ಗಾಡಿಗೇ ಕೀಲಿ ಬಿಟ್ಟಿದ್ರಿ ಅಂತಾರ. ಮುಕ್ರಮ ಅವ್ರ ಸಹಿ ಬೇಕು. ಅವ್ರಿಗಿ ಒಂದೀಟು ಫೋನ್ ಕೊಡ್ರಿ."

ಅವಳು ಬಾಗಿಲಾಚೆಯ ಎಣ್ಣೆಯ ಕಲೆಯನ್ನು ನೋಡಿದಳು.

"ಹಲೋ? ಹೊರಗ ಹೋಗ್ಯಾರೇನ್ರಿ?"

"ಇಲ್ರಿ ಅಯ್ಯನೋರ," ಅಂದಳು. "ಅವ್ರು ಇಲ್ಲ. ನೀವು ನನಗ ಮೊದಲ ಸಲ ಫೋನ್ ಮಾಡಿದಾಗೂ ಅವ್ರು ಇದ್ದಿದ್ದಿಲ್ಲ. ತೀರ್ಕೊಂಡಿದ್ರು."

ಆ ಕಡೆ ರೈಲಿನ ಸೀಟಿ ಕೇಳಿತು. ವಾಡಿ ಜಂಕ್ಷನ್ನಿನಲ್ಲಿ ರೈಲು ಹಾದುಹೋದ ಮೇಲೆ ರೇವಣಸಿದ್ದಯ್ಯ, "ನಾಳಿ ನಾನೇ ಬರ್ತೀನ್ರಿ" ಅಂದರು.

ಮರುದಿನ ಅವರೇ ಬಂದರು. ತೆಳ್ಳಗಿನ, ವಯಸ್ಸಾದ ಮನುಷ್ಯ, ಹಣೆಗೆ ವಿಭೂತಿ. ಚಹಾ ಕುಡಿದು, ಬಟ್ಟಲು ಕೆಳಗಿಟ್ಟು ಮೆಲ್ಲಗೆ ಹೇಳಿದರು. "ಇನ್ಶೂರೆನ್ಸ್ ಅಂದ್ರ ಮನುಷ್ಯನ ಜೋಡಿ ಕರಾರು, ತಾಯಿ. ಅವ್ರು ತೀರಿದ ಮ್ಯಾಲ ಆರ್‌ಸಿ ನಿಮ್ಮ ಹೆಸರಿಗಿ ಆಗಬೇಕಿತ್ತು, ಪಾಲಿಸಿನೂ ಆಗಬೇಕಿತ್ತು. ಇಲ್ಲದವ್ರ ಹೆಸರಿಗಿ ನಾವು ರಿನೀವ್ ಮಾಡ್ಕೋತ ಬಂದೀವಿ. ಕಂಪನಿ ಒಪ್ಪತದೋ ಇಲ್ಲೋ ಹೇಳ್ಲಿಕ್ಕಾಗಲ್ಲ. ಪ್ರಯತ್ನ ಮಾಡಮು."

"ನಿಮಗ ಸುಳ್ಳ ಹೇಳಿದೆ, ಅಯ್ಯನೋರ."

"ಸುಳ್ಳ ಅಂತ ನಂಗ ಅನಸಲಿಲ್ಲ." ಅವರು ಬಾಗಿಲಾಚೆಯ ಖಾಲಿ ಜಾಗ ನೋಡಿದರು. "ನೀವು ಹೇಳೋ ದನಿ ಹಂಗಿತ್ತು."

ಅವರು ಕೇಳಿದಾಗ ಅವಳು ಎರಡು ಕೀಲಿಗಳನ್ನೂ ತಂದಳು. ತನ್ನದನ್ನು ಕೊಟ್ಟುಬಿಟ್ಟಳು. ಮುಕ್ರಮನ ಕೀಲಿಯನ್ನು ಮಾತ್ರ ಸೆರಗಿನಿಂದ ಒರೆಸಿ, ಮತ್ತೆ ಒರೆಸಿ, ಚಾಪೆಯ ಮೇಲೆ ಇಟ್ಟು ಅವರ ಕಡೆ ಸರಿಸಿದಳು.

ಕೆಲವು ದಿನಗಳ ಮೇಲೆ ಕಂಪನಿಯ ಪರವಾಗಿ ತನಿಖೆಗೆ ಸುರೇಶಕುಮಾರ ಎಂಬ ನಡುವಯಸ್ಸಿನವನು ಕಲಬುರಗಿಯಿಂದ ಬಂದ. ಗಾಡಿ ನಿಲ್ಲುತ್ತಿದ್ದ ಜಾಗದ ಫೋಟೋ ತೆಗೆದ. ನಜಮುನ್ನೀಸಾಳನ್ನು ಕೇಳಿದ. ಕೊನೆಗೆ ಇವಳ ಮುಂದೆ ಕೂತ.

"ಗಾಡಿ ಯಾರು ಓಡಸ್ತಿದ್ರು?"

"ಯಾರೂ ಇಲ್ರಿ."

"ಮತ್ತ ಪೆಟ್ರೋಲ್ ಹಾಕಸ್ತಿದ್ರಿ ಅಂತ ಬಾಜೂದವ್ರು ಹೇಳಿದ್ರು. ಸೀಸೆದಾಗ ತರಸ್ತಿದ್ರಂತ."

"ಚಾಲೂ ಮಾಡ್ಲಿಕ್ಕ."

"ಚಾಲೂ ಮಾಡಿ ಎಲ್ಲಿಗಿ ಹೋಗ್ತಿದ್ರಿ?"

"ಎಲ್ಲೂ ಇಲ್ರಿ. ಚಹಾ ಆಗೋತನ ಚಾಲೂ ಇಡ್ತಿದ್ದೆ."

ಅವನು ತಲೆಯೆತ್ತಿ ಅವಳನ್ನು ನೋಡಿದ. ಪೆನ್ನು ಕೈಯಲ್ಲಿ ಹಾಗೇ ಇತ್ತು. ಆಮೇಲೆ, "ಇದೊಂದು ಬರೀಲಿಕ್ಕ ಹೋಗಲ್ಲ ಬಿಡ್ರಿ" ಎಂದು ಎದ್ದ.

ಗಾಡಿ ಇಲ್ಲದ ಮನೆಯಲ್ಲಿ ಅವಳಿಗೆ ಮೊದಮೊದಲು ನಿದ್ದೆ ಹತ್ತಲಿಲ್ಲ. ಖಣಿಯ ಕಡೆಯಿಂದ ನಾಯಿ ಬೊಗಳಿದರೂ ಎದ್ದು ಚಿಲಕ ಮುಟ್ಟಿ ನೋಡುವಳು. ಯಾರೂ ಬರಲಿಲ್ಲ. ಬಾಗಿಲು ಬಡಿಯಲಿಕ್ಕೂ ಯಾರೂ ಬರುವುದಿಲ್ಲ ಎನ್ನುವುದು ದಿನ ಕಳೆದಂತೆ ಹೆದರಿಕೆಗಿಂತ ಭಾರವಾಯಿತು.

ಗಾಡಿ ಪತ್ತೆಯಾಗಿಲ್ಲ ಎಂದು ಪೊಲೀಸರು ವರದಿ ಕೊಟ್ಟ ಮೇಲೆ ಕಂಪನಿಯ ತೀರ್ಮಾನ ಬಂತು. ರೇವಣಸಿದ್ದಯ್ಯನವರೇ ವಾಡಿಯಿಂದ ಬಂದು ಹೇಳಿದರು. ಪಾಲಿಸಿ ಮಾಡುವಾಗ ಪಾಲಿಸಿದಾರ ಬದುಕಿರಲಿಲ್ಲ. ಆದ್ದರಿಂದ ಕ್ಲೇಮು ಆಗುವುದಿಲ್ಲ. ಮೇಲಿನವರಿಗೆ ದೂರು ಕೊಡಬಹುದು, ತಾವೇ ಬರೆದುಕೊಡುವುದಾಗಿ ಹೇಳಿದರು.

"ಬ್ಯಾಡ್ರಿ," ಅಂದಳು ಜೈತುನ್‌ಬೀ. "ಅವ್ರು ಬರೆದಿದ್ದು ಖರೆ ಅದಲ್ರಿ."

ಅವರು ಎರಡೂ ಕೀಲಿಗಳನ್ನು ವಾಪಸು ಕೊಟ್ಟರು. ಹೋಗುವಾಗ ಬಾಗಿಲಲ್ಲಿ ನಿಂತು, "ಮುಂದಿನ ವರ್ಷ ಫೋನ್ ಮಾಡ್ಲಿಕ್ಕ ನಂಗ ಕಾರಣ ಇಲ್ಲ" ಅಂದರು.

ಮಳೆಗಾಲ ಮುಗಿಯುತ್ತಾ ಬಂದಾಗ ಠಾಣೆಯಿಂದ ಸುದ್ದಿ ಬಂತು. ಚಿಂಚೋಳಿಯಲ್ಲಿ ಕಳುವಿನ ಗಾಡಿಗಳು ಸಿಕ್ಕಿವೆ. ಒಂದು ಕಪ್ಪು ಗಾಡಿಯ ನಂಬರು, ಎಂಜಿನಿನ ಮೇಲಿನ ಗುರುತು ಎಲ್ಲ ಉಜ್ಜಿ ತೆಗೆದಿದ್ದಾರೆ, ಬಂದು ನೋಡಿರಿ. ಕ್ಲೇಮು ಕೊಟ್ಟಿದ್ದರೆ ಸಿಕ್ಕ ಗಾಡಿ ಕಂಪನಿಯದಾಗುತ್ತಿತ್ತು, ಈಗ ಸಿಕ್ಕರೆ ನಿನ್ನದೇ ಎಂದು ನಜಮುನ್ನೀಸಾ ಖುಷಿಪಟ್ಟಳು. ಜೈತುನ್‌ಬೀ ಗಾಡಿಯ ಕೀಲಿಗಳನ್ನು ಸೆರಗಿಗೆ ಕಟ್ಟಿಕೊಂಡು ಚಿತ್ತಾಪುರದ ಬಸ್ಸು ಹತ್ತಿದಳು. ಅಣ್ಣನ ಮನೆಗೆ ಹೋಗದೆ, ಅಲ್ಲಿಂದ ಕಾಳಗಿಗೆ, ಕಾಳಗಿಯಿಂದ ಚಿಂಚೋಳಿಗೆ ಹೋದಳು.

ಅಲ್ಲಿ ಬೇವಿನ ಮರದ ಕೆಳಗೆ ಗಾಡಿಗಳನ್ನು ಸಾಲಾಗಿ ನಿಲ್ಲಿಸಿದ್ದರು. ಕಪ್ಪು ಗಾಡಿಯನ್ನು ದೂರದಿಂದ ಕಂಡು ಅವಳು ಬೇಗ ಬೇಗ ಹೆಜ್ಜೆ ಹಾಕಿದಳು. ಅದೇ ಟ್ಯಾಂಕು, ಅದೇ ಹ್ಯಾಂಡಲ್. ಹತ್ತಿರ ಹೋಗಿ ಕಾಲಿನ ಕಡೆಯ ಗಾರ್ಡ್ ಮೇಲೆ ಕೈಯಾಡಿಸಿದಳು. ಮುಕ್ರಮ ಅದನ್ನು ತಾನೇ ವೆಲ್ಡಿಂಗ್ ಮಾಡಿದ್ದ. ಅಲ್ಲಿ ಒಂದು ಗಂಟು ಇರಬೇಕಿತ್ತು. ಬೆರಳಿಗೆ ನುಣ್ಣಗೆ ಹತ್ತಿತು.

"ನಿಮ್ದೇ ಏನಮ್ಮಾ?" ಜೊತೆಗಿದ್ದ ಪೊಲೀಸನು ಕೇಳಿದ.

ಗಾಡಿಯ ಸೀಟಿನ ಮೇಲೆ ಒಣಗಿದ ಬೇವಿನ ಎಲೆಗಳು ಬಿದ್ದಿದ್ದವು. ಅವಳು ಅವನ್ನು ಒಂದೊಂದಾಗಿ ತೆಗೆದಳು. ಹೌದು ಎಂದರೆ ಸಾಕು, ಬಾಗಿಲ ಮುಂದೆ ಮತ್ತೆ ಒಂದು ಗಾಡಿ ನಿಲ್ಲುತ್ತದೆ ಎಂದು ಅವಳಿಗೆ ಒಂದು ಗಳಿಗೆ ಅನ್ನಿಸಿತು.

"ನಮ್ದಲ್ರಿ," ಅಂದಳು. "ಇದು ಬ್ಯಾರೆ ಯಾರದೋ."

ವಾಪಸು ಕಾಳಗಿ ದಾಟಿದ ಮೇಲೆ ಬಸ್ಸಿನಲ್ಲಿ ಒಬ್ಬ ಹೆಂಗಸು ಬಂದು ಪಕ್ಕದಲ್ಲಿ ಕೂತಳು. ಚಂದಮ್ಮ ಎಂದು ಹೆಸರು, ಗುಂಡಗುರ್ತಿಯಲ್ಲಿ ಇಳಿಯುವವಳು. ಉಡಿಯಿಂದ ಪೇರಲ ಹಣ್ಣು ತೆಗೆದು ಒಂದನ್ನು ಕೇಳದೆಯೇ ಇವಳ ಕೈಗಿಟ್ಟಳು. ತನ್ನ ಸೊಸೆಯ ಬಾಣಂತನ, ತೊಗರಿಗೆ ಬಿದ್ದ ಹುಳ, ಮೊಣಕಾಲ ನೋವು ಎಲ್ಲ ಹೇಳಿಕೊಂಡಳು.

"ನಿಮ್ಮ ಮನ್ಯಾಗ ಯಾರ್ಯಾರು ಅದೀರಿ, ಯಕ್ಕಾ?"

ಜೈತುನ್‌ಬೀ ಹಣ್ಣನ್ನು ಕಚ್ಚಿದ್ದಳು. ನುಂಗಿದ ಮೇಲೆ ಅಂದಳು, "ನಾ ಒಬ್ಬಾಕಿನೇ. ಮನಿಯವ್ರು ತೀರ್ಕೊಂಡಾರ."

"ಅಯ್ಯ ನಮ್ಮವ್ವ," ಎಂದು ಚಂದಮ್ಮ ಅವಳ ಮೊಣಕಾಲ ಮೇಲೆ ಕೈ ಇಟ್ಟಳು. ಊರು ಬರುವವರೆಗೂ ಆ ಕೈ ಅಲ್ಲೇ ಇತ್ತು. ಗುಂಡಗುರ್ತಿ ಬಂದಾಗ ಚಂದಮ್ಮ ಇಳಿದು, ಕಿಟಕಿಯ ಕೆಳಗೆ ನಿಂತು, "ಹುಷಾರಾಗಿ ಹೋಗ್ರಿ" ಅಂದಳು.

ಬಸ್ಸು ಹೊರಟಿತು. ಪಕ್ಕದ ಸೀಟಿಗೆ ಯಾರೂ ಬರಲಿಲ್ಲ. ಜೈತುನ್‌ಬೀ ಕಿಟಕಿಗೆ ಸರಿದು ಕೂತು, ತೊಗರಿ ಹೊಲಗಳ ಮೇಲೆ ಬಿಸಿಲು ಇಳಿಯುವುದನ್ನು ನೋಡುತ್ತಾ ಉಳಿದ ಹಣ್ಣನ್ನು ನಿಧಾನವಾಗಿ ತಿಂದಳು.