ವಾಯಿದೆಗೆ ಮಿತಿ ಇಲ್ಲ

ನಮ್ಮ ತರಗತಿಯ ರೇಷ್ಮಾ ನದಾಫ ಸಿವಿಲ್ ಪ್ರಕ್ರಿಯಾ ಸಂಹಿತೆಯ ಪೇಪರಿನಲ್ಲಿ ನಾಲ್ಕು ಅಂಕಕ್ಕೆ ಫೇಲಾದಳು. ನಾನು ಪಾಸಾದೆ. ಪರೀಕ್ಷೆಗೆ ಮೊದಲು ಆ ವಿಷಯವನ್ನು ನನ್ನ ತಲೆಗೆ ತುರುಕಿದವಳೇ ಅವಳು. ನಮ್ಮ ವಿಶ್ವವಿದ್ಯಾಲಯ ಹೇಗೆ ಪೇಪರ್ ತಿದ್ದುತ್ತದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ನಾವೆಲ್ಲ ಅವಳನ್ನು ಅಕ್ಕ ಅನ್ನುತ್ತಿದ್ದೆವು. ಹೊಲಿಗೆ ಯಂತ್ರ ತುಳಿದು ಮಗಳನ್ನು ಓದಿಸಿ, ಆಮೇಲೆ ತಾನು ಲಾ ಕಾಲೇಜಿಗೆ ಬಂದವಳು. ಸಿವಿಲ್ ಜಡ್ಜ್ ಹುದ್ದೆಗೆ ಅರ್ಜಿ ಹಾಕಲು ಅವಳಿಗೆ ಇದೇ ಕೊನೆಯ ವರ್ಷ, ಮುಂದೆ ವಯಸ್ಸು ಮೀರುತ್ತದೆ. ತಿಂಗಳ ಕೊನೆಯೊಳಗೆ ಪಾಸಾದ ಅಂಕಪಟ್ಟಿ ಬೇಕು. ಮರುಮೌಲ್ಯಮಾಪನದ ಫಲಿತಾಂಶವೋ, ಪತ್ತೆಯೇ ಇಲ್ಲ.

"ಬರ್ತದ ತಗೋರಿ ಬಾಯಾರ, ಎಲ್ಲಿ ಓಡಿ ಹೋಗ್ತದ?" ಎಂದ ಪರೀಕ್ಷಾ ವಿಭಾಗದ ಗುಮಾಸ್ತ.

"ಅದು ಓಡೂದಿಲ್ಲೋ ಯಪ್ಪಾ, ನನ್ನ ವಯಸ್ಸು ಓಡಾಕತ್ತೇತಿ," ಎಂದ ಅಕ್ಕ ನೇರ ಹೈಕೋರ್ಟಿಗೆ ಹೋಗಿ ತಾನೇ ರಿಟ್ ಹಾಕಿದಳು. ಅವಳ ಚೀಲ ಹೊತ್ತುಕೊಂಡು ನಾನೂ ಹೋದೆ.

ವಿಶ್ವವಿದ್ಯಾಲಯದ ಪರ ಎದ್ದು ನಿಂತವರು ಯಾರು? ಮುಳಗುಂದ ಸರ್! ಬೆಳಿಗ್ಗೆ ನಮಗೆ ಇದೇ ವಿಷಯದ ಪಾಠ, ಹಗಲು ವಕೀಲಿಕೆ, ರಜೆಯಲ್ಲಿ ಪೇಪರ್ ತಿದ್ದುವುದು. ಮೊದಲ ಸಲ ಫೈಲ್ ಸಿಗಲಿಲ್ಲ ಎಂದು ವಾಯಿದೆ, ಅಂದರೆ ಮುಂದಿನ ತಾರೀಖು, ಕೇಳಿದರು. ಎರಡನೆಯ ಸಲ ಕುಲಸಚಿವರು ಸಿಗಲಿಲ್ಲ. ಮೂರನೆಯ ಸಲ ಎರಡೂ ಸಿಕ್ಕಿದ್ದವು, ಸರ್‌ಗೆ ಹಲ್ಲುನೋವು. ಅವತ್ತೇ ಕ್ಯಾಂಟೀನಿನಲ್ಲಿ ಅವರು ಮಿರ್ಚಿ ಭಜಿ ಕಡಿಯುತ್ತ ಕುಳಿತಿದ್ದರು.

"ಸಿಟ್ಟಾಗಬ್ಯಾಡ ತಂಗಿ," ಎಂದರು ಅಕ್ಕನಿಗೆ, ನಾಚಿಕೆಯಿಲ್ಲದೆ. "ಕೋರ್ಟಂದ್ರ ಹಿಂಗ. ಕಲಕೋ."

ನಾಲ್ಕನೆಯ ಸಲವೂ ವಾಯಿದೆ ಕೇಳಿದಾಗ ನ್ಯಾಯಮೂರ್ತಿಗಳಿಗೆ ರೇಗಿತು. ಉತ್ತರಪತ್ರಿಕೆಯನ್ನು ಮಧ್ಯಾಹ್ನವೇ ತರಿಸಿದರು. ಹಾಳೆ ತಿರುವುತ್ತ ಒಂದು ಕಡೆ ನಿಂತರು.

"ದಾವೆ ನಡೆಯುವಾಗ ಒಬ್ಬ ಪಕ್ಷಗಾರನಿಗೆ ಎಷ್ಟು ಸಲ ವಾಯಿದೆ ಕೊಡಬಹುದು? ಇದು ಪ್ರಶ್ನೆ. ಈಕೆ ಬರೆದದ್ದು, ಮೂರು ಸಲ. ಸರಿಯಾಗೇ ಇದೆಯಲ್ಲ? ಕೆಂಪು ಇಂಕಿನಲ್ಲಿ ಹೊಡೆದುಹಾಕಿ, 'ತಪ್ಪು, ಮಿತಿ ಇಲ್ಲ' ಅಂತ ಬರೆದು ಸೊನ್ನೆ ಕೊಟ್ಟಿದ್ದಾರೆ. ಯಾರ್ರೀ ಈ ಮಹಾನುಭಾವರು?"

ಮುಳಗುಂದ ಸರ್ ಕೋಟಿನ ಗುಂಡಿ ನೋಡಿಕೊಳ್ಳುತ್ತಿದ್ದರು. ನ್ಯಾಯಮೂರ್ತಿಗಳು ಕೆಳಗಿನ ಸಹಿ ಓದಿದರು, ಸರ್ ಮುಖ ನೋಡಿದರು.

"ರೂಢಿಯೊಳಗ ಹಂಗ ಐತ್ರಿ ಮಹಾಸ್ವಾಮಿ..." ಎಂದರು ಸರ್. ಕೋರ್ಟ್ ಹಾಲ್ ನಕ್ಕಿತು. ನಾನಂತೂ ಹೊಟ್ಟೆ ಹಿಡಿದುಕೊಂಡು ನಕ್ಕೆ. ಆ ಪ್ರಶ್ನೆಯ ಅಂಕ ಸೇರಿಸಿ ತಕ್ಷಣ ಅಂಕಪಟ್ಟಿ ಕೊಡಬೇಕೆಂದು ಆದೇಶವಾಯಿತು. ಹುದ್ದೆಯ ಅರ್ಜಿಗೆ ಇನ್ನೂ ಎರಡು ದಿನವಿತ್ತು. ಗೆದ್ದೆವು ಎಂದು ನಾನು ಅಕ್ಕನಿಗೆ ಫೇಡೆ ತಿನ್ನಿಸಿದೆ.

ಪರೀಕ್ಷಾ ವಿಭಾಗಕ್ಕೆ ಓಡಿದೆವು. "ಆದೇಶದ ದೃಢೀಕೃತ ನಕಲು ತರ್ರಿ, ಬಾಯಿಮಾತು ನಡಿಯೂದಿಲ್ಲ," ಎಂದ ಅದೇ ಗುಮಾಸ್ತ. ಕೋರ್ಟಿನ ನಕಲು ವಿಭಾಗಕ್ಕೆ ಓಡಿದೆವು. "ಟೈಪ್ ಆಗಬೇಕು, ಸಹಿ ಆಗಬೇಕು. ಮುಂದಿನ ವಾರ ಬರ್ರಿ," ಎಂದರು. ಬೇಡಿಕೊಂಡೆವು, ಕೂಗಾಡಿದೆವು. ನ್ಯಾಯಮೂರ್ತಿಗಳು ಅಷ್ಟರಲ್ಲಿ ರಜೆಯ ಮೇಲೆ ಹೋಗಿದ್ದರು.

ಅಂಕಪಟ್ಟಿ ಬಂತು, ಬರದೆ ಏನು. ಅರ್ಜಿಯ ಗಡುವು ಮುಗಿದು ಆರನೆಯ ದಿನಕ್ಕೆ, ಪ್ರಥಮ ದರ್ಜೆಯಲ್ಲಿ.

ಅದನ್ನು ಹಿಡಿದು ಹೊರಗೆ ಬರುವಾಗ ಮೆಟ್ಟಿಲ ಮೇಲೆ ಮುಳಗುಂದ ಸರ್ ಎದುರಾದರು. "ಪಾಸಾದೆಲ್ಲಾ ತಂಗಿ! ಮತ್ಯಾಕ ಮಾರಿ ಸಣ್ಣ ಮಾಡೀದಿ?"

ಅಕ್ಕ ಅಂಕಪಟ್ಟಿಯನ್ನು ಅವರ ಕೈಗಿಟ್ಟಳು.

"ಇದನ್ನ ವಾಪಸ್ ತಗೋರಿ ಸರ. ನೀವು ಬರದದ್ದ ಖರೇ ಇತ್ತು. ಮಿತಿ ಇರೂದು ನನ್ನ ವಯಸ್ಸಿಗಷ್ಟ."